ಚಾಟ್‌ನಲ್ಲಿ ಬರೆದದ್ದು ಠಾಣೆ ತಲುಪುವ ಬಗೆ

2018ರ ಜುಲೈ 13. ಹೈದರಾಬಾದಿನ ಸಾಫ್ಟ್‌ವೇರ್ ಎಂಜಿನಿಯರ್ ಒಬ್ಬರು ಜೊತೆಗಾರರೊಂದಿಗೆ ಬೀದರ್ ಜಿಲ್ಲೆಯ ಹಂದಿಕೇರಾ ಕಡೆ ಬಂದಿದ್ದರು. ಕತಾರಿನಿಂದ ಬಂದಿದ್ದ ಸ್ನೇಹಿತನ ಬಳಿಯಿದ್ದ ಚಾಕೊಲೇಟನ್ನು ಅಲ್ಲಿನ ಮಕ್ಕಳಿಗೆ ಹಂಚಿದರು. ಮಕ್ಕಳ ಕಳ್ಳರು ಬಂದಿದ್ದಾರೆ ಎಂಬ ವದಂತಿ ಊರೂರಲ್ಲೂ ಓಡಾಡುತ್ತಿದ್ದ ಕಾಲ ಅದು. ಯಾರಿಗೋ ಅನುಮಾನ ಬಂತು, ಮಾತಿಗೆ ಮಾತು ಬೆಳೆಯಿತು, ಇವರು ಕಾರು ಹತ್ತಿ ಹೊರಟರು. ಕಾರಿಗಿಂತ ಮುಂಚೆ ವಾಟ್ಸ್‌ಆ್ಯಪ್ ಸಂದೇಶ ಮುಂದಿನ ಊರು ಮುಟ್ಟಿತ್ತು. ಮುರ್ಕಿಯಲ್ಲಿ ಜನ ರಸ್ತೆಗೆ ಅಡ್ಡ ಹಾಕಿ ಕಾದಿದ್ದರು. ಎಂಜಿನಿಯರ್ ಬದುಕಲಿಲ್ಲ. ಬಿಡಿಸಲು ಹೋದ ಪೊಲೀಸರೂ ಪೆಟ್ಟು ತಿಂದರು. ಆಮೇಲೆ ಬಂಧನಕ್ಕೊಳಗಾದ ಸುಮಾರು 30 ಜನರಲ್ಲಿ ಊರಿನ ವಾಟ್ಸ್‌ಆ್ಯಪ್ ಗ್ರೂಪಿನ ಅಡ್ಮಿನ್ ಕೂಡ ಇದ್ದ.

ಅದೇ ತಿಂಗಳಲ್ಲಿ ವಾಟ್ಸ್‌ಆ್ಯಪ್ ಕಂಪನಿ ಭಾರತದಲ್ಲಿ ಒಂದು ಸಂದೇಶವನ್ನು ಒಮ್ಮೆಗೆ 5 ಚಾಟ್‌ಗಳಿಗಿಂತ ಹೆಚ್ಚು ಕಡೆ ಫಾರ್ವರ್ಡ್ ಮಾಡದಂತೆ ಮಿತಿ ಹಾಕಿತು. ಮಿತಿ ಬಂತು, ಅಭ್ಯಾಸ ಮಾತ್ರ ಬದಲಾಗಲಿಲ್ಲ. ಚಾಟ್ ಎಂದರೆ ಜಗಲಿ ಕಟ್ಟೆಯ ಮಾತು ಎಂದು ನಮ್ಮಲ್ಲಿ ಬಹುಪಾಲು ಜನ ಇಂದಿಗೂ ನಂಬಿದ್ದಾರೆ. ಕಟ್ಟೆಯಲ್ಲಿ ಆಡಿದ ಮಾತು ಗಾಳಿಗೆ ಹೋಗುತ್ತದೆ. ಚಾಟ್‌ನಲ್ಲಿ ಆಡಿದ ಮಾತಿಗೆ ತಾರೀಖು, ಗಂಟೆ, ನಿಮಿಷ, ಮೊಬೈಲ್ ನಂಬರು ಎಲ್ಲವೂ ಅಂಟಿಕೊಂಡಿರುತ್ತದೆ. ಪೊಲೀಸರ ದೃಷ್ಟಿಯಲ್ಲಿ ಇದು ಆರೋಪಿ ತಾನಾಗಿಯೇ ಬರೆದಿಟ್ಟ ಸಾಕ್ಷ್ಯ.

ಎಂಥ ಸಂದೇಶ ಅಪರಾಧವಾಗುತ್ತದೆ, ಪೊಲೀಸರು ಕಳಿಸಿದವನ ಮನೆಯನ್ನು ಹೇಗೆ ಹುಡುಕುತ್ತಾರೆ, ಯಾವುದಕ್ಕೆ ನೋಟಿಸ್ ಸಾಕು, ಯಾವುದಕ್ಕೆ ಬಂಧನ ಎಂಬುದನ್ನು ತಿಳಿದುಕೊಂಡರೆ ಕಳಿಸುವವರಿಗೂ ಉಪಯೋಗ, ಕಿರುಕುಳ ಅನುಭವಿಸುತ್ತಿರುವವರಿಗೂ ಉಪಯೋಗ.

ಗುಟ್ಟು ಎಲ್ಲಿ ಒಡೆಯುತ್ತದೆ

‘ವಾಟ್ಸ್‌ಆ್ಯಪ್‌ನಲ್ಲಿ ಎನ್‌ಕ್ರಿಪ್ಷನ್ ಇದೆ, ಯಾರೂ ಓದಲಾಗದು’ ಎಂಬ ಧೈರ್ಯ ಅರ್ಧ ಮಾತ್ರ ಸರಿ. ಸಂದೇಶ ಒಂದು ಫೋನಿನಿಂದ ಇನ್ನೊಂದಕ್ಕೆ ಹೋಗುವ ದಾರಿಯಲ್ಲಿ ಬೀಗ ಹಾಕಿರುತ್ತದೆ. ಎರಡೂ ತುದಿಗಳಲ್ಲಿ ಅದು ತೆರೆದೇ ಇರುತ್ತದೆ. ಚಾಟ್ ಪ್ರಕರಣಗಳು ಸಾಮಾನ್ಯವಾಗಿ ಠಾಣೆಗೆ ಬರುವುದು ಆ ತುದಿಯಿಂದಲೇ: ಸಂದೇಶ ಪಡೆದವರು ಸ್ಕ್ರೀನ್‌ಶಾಟ್ ತೆಗೆದು ದೂರು ಕೊಡುತ್ತಾರೆ, ಇಲ್ಲವೇ ಇಪ್ಪತ್ತು ಜನರ ಗ್ರೂಪಿನಲ್ಲಿ ಒಬ್ಬನಿಗೆ ಮನಸ್ಸು ಕಹಿಯಾಗುತ್ತದೆ. ವಾಟ್ಸ್‌ಆ್ಯಪ್‌ನಲ್ಲಿ ಯಾರಾದರೂ ನಿಮ್ಮನ್ನು ರಿಪೋರ್ಟ್ ಮಾಡಿದರೆ ನೀವು ಅವರಿಗೆ ಕಳಿಸಿದ ಕೊನೆಯ ಐದು ಸಂದೇಶಗಳು ಕಂಪನಿಯ ಕೈಗೆ ಹೋಗುತ್ತವೆ. ಇದಕ್ಕೆ ಯಾರೂ ಬೀಗ ಒಡೆಯಬೇಕಿಲ್ಲ.

ಟೆಲಿಗ್ರಾಂ ಬಗ್ಗೆ ಇರುವ ನಂಬಿಕೆ ಇನ್ನೂ ದುರ್ಬಲ. ಅಲ್ಲಿ ಆ ಬಗೆಯ ಬೀಗ ಇರುವುದು ‘ಸೀಕ್ರೆಟ್ ಚಾಟ್’ಗೆ ಮಾತ್ರ. ಸಾಮಾನ್ಯ ಚಾಟ್‌ಗಾಗಲಿ, ಗ್ರೂಪಿಗಾಗಲಿ, ಚಾನೆಲ್‌ಗಾಗಲಿ ಇಲ್ಲ. 2024ರ ಆಗಸ್ಟ್‌ನಲ್ಲಿ ಅದರ ಸ್ಥಾಪಕ ಪಾವೆಲ್ ಡುರೊವ್ ಅವರನ್ನು ಪ್ಯಾರಿಸ್ ಬಳಿಯ ವಿಮಾನ ನಿಲ್ದಾಣದಲ್ಲಿ ಬಂಧಿಸಲಾಯಿತು. ಮುಂದಿನ ತಿಂಗಳೇ ಟೆಲಿಗ್ರಾಂ ತನ್ನ ನಿಯಮ ತಿದ್ದಿತು. ಕಾನೂನುಬದ್ಧ ಕೋರಿಕೆ ಬಂದರೆ ನಿಯಮ ಮುರಿದವರ ಫೋನ್ ನಂಬರು ಮತ್ತು ಐಪಿ ವಿಳಾಸ ಕೊಡುವುದಾಗಿ ಹೇಳಿತು.

ಫೇಕ್ ಅಕೌಂಟ್ ಮಾಡಿದವನ ಜಾಡು ಹಿಡಿಯುವುದು ಈ ಐಪಿ ವಿಳಾಸದ ಮೂಲಕ. ಖಾತೆ ಯಾವ ಇಮೇಲ್, ಯಾವ ನಂಬರಿನಿಂದ ಶುರುವಾಯಿತು, ಯಾವ ಹೊತ್ತಿನಲ್ಲಿ ಯಾವ ಐಪಿಯಿಂದ ಲಾಗಿನ್ ಆಯಿತು ಎಂದು ತನಿಖಾಧಿಕಾರಿ ಕಂಪನಿಗೆ ಬರೆದು ಕೇಳುತ್ತಾರೆ. 2021ರ ಮಾಹಿತಿ ತಂತ್ರಜ್ಞಾನ ನಿಯಮಗಳ ಪ್ರಕಾರ ಇಂಥ ಲಿಖಿತ ಕೋರಿಕೆಗೆ ಕಂಪನಿ 72 ಗಂಟೆಯೊಳಗೆ ಉತ್ತರಿಸಬೇಕು. ಬಳಕೆದಾರ ಖಾತೆ ಅಳಿಸಿದರೂ ನೋಂದಣಿಯ ಮಾಹಿತಿಯನ್ನು 180 ದಿನ ಇಟ್ಟುಕೊಳ್ಳಬೇಕು. ಐಪಿ ಸಿಕ್ಕಿದ ಮೇಲೆ ಆ ಹೊತ್ತಿಗೆ ಅದನ್ನು ಬಳಸುತ್ತಿದ್ದ ಗ್ರಾಹಕ ಯಾರು ಎಂದು ಮೊಬೈಲ್ ಅಥವಾ ಬ್ರಾಡ್‌ಬ್ಯಾಂಡ್ ಕಂಪನಿ ಹೇಳುತ್ತದೆ. ವೈಫೈ ಪಾಸ್‌ವರ್ಡನ್ನು ಪಕ್ಕದ ಮನೆಯವರಿಗೂ ಪಿಜಿ ಹುಡುಗರಿಗೂ ಧಾರಾಳವಾಗಿ ಕೊಡುವವರು ಇಲ್ಲಿ ಸ್ವಲ್ಪ ಯೋಚಿಸಬೇಕು. ಪೊಲೀಸರು ಮೊದಲು ಬಾಗಿಲು ತಟ್ಟುವುದು ಸಂಪರ್ಕ ಯಾರ ಹೆಸರಿನಲ್ಲಿದೆಯೋ ಅವರ ಮನೆಯದನ್ನು.

‘ಡಿಲೀಟ್ ಫಾರ್ ಎವೆರಿವನ್’ ಒತ್ತಿದರೆ ಆಚೆಯವರ ಸ್ಕ್ರೀನ್‌ಶಾಟ್ ಅಳಿಯುವುದಿಲ್ಲ. ಅಳಿಸಿದ ಎಷ್ಟೋ ಕಡತಗಳನ್ನು ವಿಧಿವಿಜ್ಞಾನ ಪ್ರಯೋಗಾಲಯದವರು ಫೋನಿನಿಂದಲೋ ಬ್ಯಾಕಪ್‌ನಿಂದಲೋ ಹೊರತೆಗೆಯುತ್ತಾರೆ. ದೂರು ದಾಖಲಾಗಿದೆ ಎಂದು ಗೊತ್ತಾದ ಮೇಲೆ ಫೋನ್ ಫಾರ್ಮ್ಯಾಟ್ ಮಾಡುವುದಂತೂ ಸಾಕ್ಷ್ಯನಾಶದ ಇನ್ನೊಂದು ಆರೋಪಕ್ಕೆ ದಾರಿ.

ಹೆಣ್ಣುಮಕ್ಕಳ ಇನ್‌ಬಾಕ್ಸ್

2025ರ ಜುಲೈ ಕೊನೆಯಲ್ಲಿ ನಟಿ, ಮಾಜಿ ಸಂಸದೆ ರಮ್ಯಾ ಬೆಂಗಳೂರು ಪೊಲೀಸ್ ಕಮಿಷನರ್ ಅವರಿಗೆ ದೂರು ಕೊಟ್ಟರು. ಇನ್‌ಸ್ಟಾಗ್ರಾಂನಲ್ಲಿ ತಮಗೆ ಅಶ್ಲೀಲ ಸಂದೇಶ ಮತ್ತು ಬೆದರಿಕೆ ಕಳಿಸಿದ 43 ಖಾತೆಗಳ ಪಟ್ಟಿ ಅದರಲ್ಲಿತ್ತು. ಕೆಲವೇ ದಿನಗಳಲ್ಲಿ ಸಿಸಿಬಿ ಪೊಲೀಸರು ಬೇರೆ ಬೇರೆ ಊರುಗಳಿಂದ ಯುವಕರನ್ನು ಬಂಧಿಸಿ ತಂದರು. ನಟನೊಬ್ಬನ ಅಭಿಮಾನದ ಹೆಸರಿನಲ್ಲಿ, ಗುಂಪಿನಲ್ಲಿ ಗೋವಿಂದ ಎಂಬಂತೆ ಬರೆದದ್ದು ಒಬ್ಬೊಬ್ಬರ ಹೆಸರಿಗೂ ಪ್ರತ್ಯೇಕವಾಗಿ ಬಂದು ನಿಂತಿತು.

ಮಹಿಳೆಗೆ ಲೈಂಗಿಕ ಬೇಡಿಕೆ ಅಥವಾ ಲೈಂಗಿಕ ಅರ್ಥದ ಮಾತು ಕಳಿಸುವುದು ಭಾರತೀಯ ನ್ಯಾಯ ಸಂಹಿತೆಯ 75ನೇ ಸೆಕ್ಷನ್ ಕೆಳಗೆ ಬರುತ್ತದೆ. ಅವಳ ಮಾನಕ್ಕೆ ಕುಂದು ತರುವ ಉದ್ದೇಶದ ಮಾತು 79ನೆಯದು. ಅಶ್ಲೀಲ ಸಾಮಗ್ರಿ ಕಳಿಸಿದರೆ ಮಾಹಿತಿ ತಂತ್ರಜ್ಞಾನ ಕಾಯ್ದೆಯ 67ನೇ ಸೆಕ್ಷನ್: ಮೊದಲ ಬಾರಿಗೆ 3 ವರ್ಷದವರೆಗೆ ಜೈಲು, 5 ಲಕ್ಷದವರೆಗೆ ದಂಡ. ನೇರ ಲೈಂಗಿಕ ಕ್ರಿಯೆಯ ದೃಶ್ಯವಾದರೆ 67ಎ, 5 ವರ್ಷ, 10 ಲಕ್ಷ. ಈ ಕಾಯ್ದೆಯಲ್ಲಿ 3 ವರ್ಷ ಶಿಕ್ಷೆಯ ಅಪರಾಧಗಳಿಗೆ ಜಾಮೀನು ಹಕ್ಕಾಗಿ ಸಿಗುತ್ತದೆ. 67ಎ ಮತ್ತು ಮಕ್ಕಳಿಗೆ ಸಂಬಂಧಿಸಿದ 67ಬಿಗೆ ಹಾಗಿಲ್ಲ, ನ್ಯಾಯಾಲಯ ಒಪ್ಪಬೇಕು. ಒಬ್ಬ ಆರೋಪಿ ಸಂಜೆಗೆ ಮನೆಗೆ ಬಂದ, ಇನ್ನೊಬ್ಬ ವಾರಗಟ್ಟಲೆ ಒಳಗಿದ್ದ ಎಂದರೆ ಅದಕ್ಕೆ ಈ ವ್ಯತ್ಯಾಸವೇ ಎಷ್ಟೋ ಸಲ ಕಾರಣ.

ಒಂದು ‘ಹಾಯ್’ ಕಳಿಸಿದವನನ್ನು ಯಾರೂ ಜೈಲಿಗೆ ಹಾಕುವುದಿಲ್ಲ. ಬೆನ್ನು ಹತ್ತುವ ಅಪರಾಧಕ್ಕೆ, ಅಂದರೆ ನ್ಯಾಯ ಸಂಹಿತೆಯ 78ನೇ ಸೆಕ್ಷನ್‌ಗೆ, ಅವಳು ಬೇಡವೆಂದು ಸ್ಪಷ್ಟವಾಗಿ ತೋರಿಸಿದ ಮೇಲೂ ಮತ್ತೆ ಮತ್ತೆ ಸಂಪರ್ಕಿಸಿರಬೇಕು, ಇಲ್ಲವೇ ಅವಳ ಇಂಟರ್‌ನೆಟ್ ಬಳಕೆಯ ಮೇಲೆ ಕಣ್ಣಿಟ್ಟಿರಬೇಕು. ಬ್ಲಾಕ್ ಮಾಡಿದ ಮೇಲೆ ಎರಡನೆಯ ಖಾತೆ, ಅದನ್ನೂ ಬ್ಲಾಕ್ ಮಾಡಿದ ಮೇಲೆ ಮೂರನೆಯದು ತೆರೆದು ಬಂದವನು ತನ್ನ ಕೇಸನ್ನು ತಾನೇ ಬಿಗಿ ಮಾಡಿಕೊಂಡಂತೆ. ಒಂದೊಂದು ಬ್ಲಾಕ್ ಕೂಡ ಅವಳ ನಿರಾಕರಣೆಗೆ ಪುರಾವೆ. ಮೊದಲ ಸಲ 3 ವರ್ಷದವರೆಗೆ ಶಿಕ್ಷೆ. ಮತ್ತೆ ಅದೇ ತಪ್ಪಾದರೆ 5 ವರ್ಷದವರೆಗೆ, ಆಗ ಜಾಮೀನುರಹಿತ.

ಪ್ರೀತಿಯ ದಿನಗಳಲ್ಲಿ ಅವಳೇ ಕಳಿಸಿದ ಚಿತ್ರ, ಹಾಗಾಗಿ ಹಂಚಿದರೆ ತಪ್ಪೇನು ಎಂದು ಕೇಳುವವರಿದ್ದಾರೆ. ಚಿತ್ರ ತೆಗೆಯಲು ಒಪ್ಪಿದ್ದರೂ ಇನ್ನೊಬ್ಬರಿಗೆ ತೋರಿಸಲು ಒಪ್ಪಿಲ್ಲದಿದ್ದರೆ ಹಂಚಿಕೆ ಅಪರಾಧವೇ ಎಂದು 77ನೇ ಸೆಕ್ಷನ್‌ನ ವಿವರಣೆ ನೇರವಾಗಿ ಹೇಳುತ್ತದೆ. ಸಾರ್ವಜನಿಕ ಜಾಗದಲ್ಲಿ ತೆಗೆದದ್ದು ಎಂಬ ಸಮಜಾಯಿಷಿಯೂ ನಡೆಯದು. 2025ರ ಮೇ ತಿಂಗಳಲ್ಲಿ ನಮ್ಮ ಮೆಟ್ರೊದಲ್ಲಿ ಹೆಣ್ಣುಮಕ್ಕಳ ಅರಿವಿಗೆ ಬಾರದಂತೆ ಫೋಟೊ, ವಿಡಿಯೊ ತೆಗೆದು ಇನ್‌ಸ್ಟಾಗ್ರಾಂಗೆ ಹಾಕುತ್ತಿದ್ದ 27 ವರ್ಷದ ಯುವಕನನ್ನು ಬನಶಂಕರಿ ಪೊಲೀಸರು ಬಂಧಿಸಿದ್ದು ಇದೇ 67 ಮತ್ತು 78ರ ಜೋಡಿಯಲ್ಲಿ.

ಹೀಗೆ ದಾರಿಯಿದ್ದರೂ ಕೆಲವರು ಅದನ್ನು ಹಿಡಿಯುವುದಿಲ್ಲ. 2024ರ ಜೂನ್‌ನಲ್ಲಿ ನಟಿಯೊಬ್ಬರಿಗೆ ಅಶ್ಲೀಲ ಸಂದೇಶ ಕಳಿಸಿದನೆಂಬ ಕಾರಣಕ್ಕೆ ಚಿತ್ರದುರ್ಗದ ಯುವಕನನ್ನು ಬೆಂಗಳೂರಿಗೆ ತಂದು ಕೊಂದ ಆರೋಪದ ಪ್ರಕರಣದಲ್ಲಿ ನಟ ದರ್ಶನ್ ಸೇರಿ 17 ಮಂದಿ ಆರೋಪಿಗಳು. ಯಾರ ತಪ್ಪು ಎಷ್ಟು ಎಂಬುದು ನ್ಯಾಯಾಲಯಕ್ಕೆ ಬಿಟ್ಟದ್ದು. ನಾನು ಹೇಳುವುದಿಷ್ಟೇ: ಸಂದೇಶ ಕಳಿಸಿದವನ ಮೇಲೆ ಒಂದು ಪುಟದ ದೂರು ಹೋಗಿದ್ದರೆ ಕಟಕಟೆಯಲ್ಲಿ ನಿಲ್ಲುತ್ತಿದ್ದವನು ಅವನೊಬ್ಬನೇ.

ಮಕ್ಕಳ ವಿಷಯಕ್ಕೆ ರಿಯಾಯಿತಿ ಇಲ್ಲ

ಬೇರೆ ಅಪರಾಧಗಳಲ್ಲಿ ಉದ್ದೇಶ ಏನು, ಎಷ್ಟು ಸಲ ಎಂದು ಕಾನೂನು ಲೆಕ್ಕ ಹಾಕುತ್ತದೆ. 18 ತುಂಬದವರ ವಿಷಯದಲ್ಲಿ ಅದು ಬಿಗಿ. 67ಬಿ ಸೆಕ್ಷನ್ ಓದಿ ನೋಡಿ: ಮಕ್ಕಳ ಲೈಂಗಿಕ ದೃಶ್ಯಗಳನ್ನು ಪ್ರಕಟಿಸುವುದು, ಕಳಿಸುವುದಷ್ಟೇ ಅಲ್ಲ, ಹುಡುಕುವುದು, ನೋಡಲು ಜಾಲಾಡುವುದು, ಡೌನ್‌ಲೋಡ್ ಮಾಡುವುದು, ಸಂಗ್ರಹಿಸುವುದು ಎಲ್ಲವೂ ಅಲ್ಲಿ ಸಾಲಾಗಿ ಇವೆ. ಮಗುವನ್ನು ಪುಸಲಾಯಿಸಿ ಆನ್‌ಲೈನ್‌ನಲ್ಲಿ ಲೈಂಗಿಕ ಸಂಬಂಧಕ್ಕೆ ಎಳೆಯುವುದೂ ಇದೆ. ಮೊದಲ ಬಾರಿಗೇ 5 ವರ್ಷದವರೆಗೆ ಜೈಲು, 10 ಲಕ್ಷದವರೆಗೆ ದಂಡ. ಇದರ ಜೊತೆಗೆ ಪೋಕ್ಸೊ ಕಾಯ್ದೆ. ‘ನಾನೂ ನಿನ್ನ ವಯಸ್ಸಿನವನೇ’ ಎಂದು ಸುಳ್ಳು ಹೇಳಿ ಗೇಮಿಂಗ್ ಚಾಟ್‌ನಲ್ಲಿ ಹನ್ನೆರಡರ ಹುಡುಗಿಯ ಫೋಟೊ ಕೇಳುವ ನಲವತ್ತರ ಗಂಡಸು ಅವಳನ್ನು ಕಣ್ಣಾರೆ ನೋಡಿರಬೇಕಾಗಿಲ್ಲ. ಲೈಂಗಿಕ ಉದ್ದೇಶದಿಂದ ಪದೇ ಪದೇ ಸಂಪರ್ಕಿಸಿದರೂ ಆ ಕಾಯ್ದೆಯ ಪ್ರಕಾರ ಅದು ಲೈಂಗಿಕ ಕಿರುಕುಳ.

ಇಂಥ ಪ್ರಕರಣಗಳಲ್ಲಿ ದೂರುದಾರರೇ ಇಲ್ಲದೆ ಪೊಲೀಸರು ಬರುವುದುಂಟು. ಅಮೆರಿಕದಲ್ಲಿ ನಾಪತ್ತೆಯಾದ ಹಾಗೂ ಶೋಷಿತ ಮಕ್ಕಳ ರಾಷ್ಟ್ರೀಯ ಕೇಂದ್ರವೊಂದಿದೆ. ಮಕ್ಕಳ ಅಶ್ಲೀಲ ದೃಶ್ಯ ಕಣ್ಣಿಗೆ ಬಿದ್ದರೆ ಅಲ್ಲಿನ ಕಂಪನಿಗಳು ಆ ಕೇಂದ್ರಕ್ಕೆ ವರದಿ ಮಾಡಬೇಕೆಂಬುದು ಅಲ್ಲಿನ ಕಾನೂನು. ಭಾರತದ ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೊ 2019ರಲ್ಲಿ ಈ ಕೇಂದ್ರದೊಂದಿಗೆ ಒಪ್ಪಂದ ಮಾಡಿಕೊಂಡಿತು. ಅಂದಿನಿಂದ ಭಾರತದ ಖಾತೆಗಳ ಬಗೆಗಿನ ವರದಿಗಳು ದೆಹಲಿಗೆ ಬಂದು, ಅಲ್ಲಿಂದ ರಾಜ್ಯಗಳಿಗೆ, ರಾಜ್ಯದಿಂದ ಜಿಲ್ಲೆಯ ಠಾಣೆಗೆ ಇಳಿಯುತ್ತವೆ. ತಿಂಗಳುಗಳ ಹಿಂದೆ ಅಪ್‌ಲೋಡ್ ಮಾಡಿ ಮರೆತ ವಿಡಿಯೊಗೆ ಈಗ ಪೊಲೀಸರು ಬಂದರೆಂದು ಆರೋಪಿ ಆಶ್ಚರ್ಯಪಡುತ್ತಾನೆ. ವರದಿ ಅಷ್ಟು ದೂರ ಸುತ್ತಿ ಬಂದಿರುತ್ತದೆ.

‘ನಾನು ಯಾರಿಗೂ ಕಳಿಸಲಿಲ್ಲ, ನನ್ನ ಫೋನಿನಲ್ಲಿ ಇತ್ತು ಅಷ್ಟೆ’ ಎಂಬ ವಾದಕ್ಕೆ ಕೆಲಕಾಲ ಬೆಲೆ ಸಿಕ್ಕಿತ್ತು. ಮದ್ರಾಸ್ ಹೈಕೋರ್ಟ್ ಒಂದು ಪ್ರಕರಣವನ್ನು ಆ ಆಧಾರದ ಮೇಲೆ ರದ್ದು ಮಾಡಿತ್ತು. 2024ರ ಸೆಪ್ಟೆಂಬರ್ 23ರಂದು ಸುಪ್ರೀಂ ಕೋರ್ಟ್ ಆ ತೀರ್ಪನ್ನು ಬದಿಗಿಟ್ಟಿತು. ಅಂಥ ದೃಶ್ಯವನ್ನು ಅಳಿಸದೆ, ಪೊಲೀಸರಿಗೆ ತಿಳಿಸದೆ ಇಟ್ಟುಕೊಂಡಿರುವುದು ಕೂಡ ಪೋಕ್ಸೊ 15ನೇ ಸೆಕ್ಷನ್ನಿನಡಿ ಅಪರಾಧವಾಗಬಹುದು ಎಂದು ಹೇಳಿತು.

ಹಾಗಾದರೆ ಗ್ರೂಪಿನಲ್ಲಿ ಯಾರೋ ಇಂಥದ್ದನ್ನು ತಂದು ಸುರಿದರೆ? ಖಾತೆಯನ್ನು ಅಲ್ಲಿಯೇ ರಿಪೋರ್ಟ್ ಮಾಡಿ. ಕೇಂದ್ರ ಸರ್ಕಾರದ ಸೈಬರ್ ಅಪರಾಧ ಪೋರ್ಟಲ್‌ಗೆ ಅಥವಾ ಠಾಣೆಗೆ ಕೂಡಲೇ ತಿಳಿಸಿ, ಅವರು ಹೇಳಿದಂತೆ ನಡೆದು ನಿಮ್ಮ ಫೋನಿನಿಂದ ಅಳಿಸಿ, ಗ್ರೂಪ್ ಬಿಡಿ. ವಾಟ್ಸ್‌ಆ್ಯಪ್‌ನ ಆಟೊ ಡೌನ್‌ಲೋಡನ್ನು ಇವತ್ತೇ ಆಫ್ ಮಾಡಿಕೊಳ್ಳುವುದು ಒಳ್ಳೆಯದು. ಎಲ್ಲಕ್ಕಿಂತ ಮುಖ್ಯ, ‘ನೋಡಿ ಎಂಥ ರಾಕ್ಷಸರು, ಈ ಮಗುವಿಗೆ ನ್ಯಾಯ ಸಿಗುವವರೆಗೆ ಶೇರ್ ಮಾಡಿ’ ಎಂದು ಕಣ್ಣೀರಿನ ಇಮೋಜಿ ಹಾಕಿ ಮುಂದೆ ಕಳಿಸಬೇಡಿ. ಕಳಿಸಿದವರ ಮನಸ್ಸು ಎಷ್ಟೇ ಒಳ್ಳೆಯದಿದ್ದರೂ ಕಾನೂನಿನ ಕಣ್ಣಿಗೆ ಅದು ಹಂಚಿಕೆ. ಆ ಮಗುವಿಗೆ ಅದು ಮತ್ತೊಂದು ಸಲದ ಹಿಂಸೆ.

ಆರೋಪಿಯೇ ಅಪ್ರಾಪ್ತನಾದರೆ? 2020ರ ಮೇ ತಿಂಗಳಲ್ಲಿ ದೆಹಲಿಯಲ್ಲಿ ‘ಬಾಯ್ಸ್ ಲಾಕರ್ ರೂಮ್’ ಎಂಬ ಇನ್‌ಸ್ಟಾಗ್ರಾಂ ಗುಂಪಿನ ಚಾಟ್‌ಗಳು ಹೊರಬಿದ್ದವು. ಶಾಲಾ ಹುಡುಗರು ತಮ್ಮ ಸಹಪಾಠಿಗಳ ಫೋಟೊ ಹಾಕಿ ಅಸಹ್ಯವಾಗಿ ಬರೆದುಕೊಂಡಿದ್ದರು. ಪೊಲೀಸರು ಒಬ್ಬ ಬಾಲಕನನ್ನು ವಶಕ್ಕೆ ತೆಗೆದುಕೊಂಡರು, ವಯಸ್ಕನಾಗಿದ್ದ ಅಡ್ಮಿನ್‌ನನ್ನು ಬಂಧಿಸಿದರು. 18ರ ಒಳಗಿನವರನ್ನು ಲಾಕಪ್‌ಗೆ ಹಾಕುವಂತಿಲ್ಲ, ಬಾಲನ್ಯಾಯ ಮಂಡಳಿಯ ಮುಂದೆ ಹಾಜರುಪಡಿಸಬೇಕು. ಆದರೆ 17 ವರ್ಷ 11 ತಿಂಗಳಿಗೂ 18 ತುಂಬಿದ ಮರುದಿನಕ್ಕೂ ಇರುವ ಅಂತರ ಎಂಥದ್ದೆಂದು ಪಿಯುಸಿ ಓದುವ ಮಗನಿರುವ ಅಪ್ಪ ಅಮ್ಮ ಒಮ್ಮೆ ಕುಳಿತು ಅವನಿಗೆ ಹೇಳಬೇಕು.

ಫಾರ್ವರ್ಡ್, ಅಡ್ಮಿನ್, ಫೇಕ್ ಐಡಿ

ಧರ್ಮ, ಜಾತಿ, ಭಾಷೆಯ ಹೆಸರಿನಲ್ಲಿ ದ್ವೇಷ ಹಚ್ಚುವ ಸಂದೇಶ ನ್ಯಾಯ ಸಂಹಿತೆಯ 196ನೇ ಸೆಕ್ಷನ್‌ಗೆ ಬೀಳುತ್ತದೆ. 3 ವರ್ಷದವರೆಗೆ ಶಿಕ್ಷೆ, ಜಾಮೀನುರಹಿತ. ಭಯ ಹುಟ್ಟಿಸುವ ಸುಳ್ಳು ಸುದ್ದಿಗೆ 353. ‘ನಾನು ಬರೆದದ್ದಲ್ಲ, ಬಂದದ್ದನ್ನು ಕಳಿಸಿದೆ’ ಎನ್ನುವವರು ತಮಿಳು ನಟ, ಮಾಜಿ ಶಾಸಕ ಎಸ್.ವಿ. ಶೇಖರ್ ಅವರ ಪ್ರಕರಣ ನೆನಪಿಡಬೇಕು. ಪತ್ರಕರ್ತೆಯರನ್ನು ಕೀಳಾಗಿ ಕಂಡ ಬರಹವನ್ನು ಫೇಸ್‌ಬುಕ್‌ನಲ್ಲಿ ಹಂಚಿ, ಆಮೇಲೆ ಅಳಿಸಿ ಕ್ಷಮೆಯನ್ನೂ ಕೇಳಿದ್ದರು. ಫಾರ್ವರ್ಡ್ ಮಾಡಿದವರೂ ಅದರ ಹೊಣೆ ಹೊರಬೇಕು ಎಂದು ಮದ್ರಾಸ್ ಹೈಕೋರ್ಟ್ ಕೇಸು ರದ್ದು ಮಾಡಲು ಒಪ್ಪಲಿಲ್ಲ. 2023ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಕೂಡ ಮಧ್ಯಪ್ರವೇಶಿಸಲಿಲ್ಲ.

ಅಡ್ಮಿನ್‌ಗಳಿಗೆ ಸ್ವಲ್ಪ ಸಮಾಧಾನವಿದೆ. 2017ರಲ್ಲಿ ಪ್ರಧಾನಿಯ ತಿರುಚಿದ ಚಿತ್ರ ಗ್ರೂಪಿನಲ್ಲಿ ಬಂತೆಂದು ಉತ್ತರ ಕನ್ನಡದಲ್ಲಿ ಅಡ್ಮಿನ್ ಒಬ್ಬರನ್ನು ಬಂಧಿಸಿದ್ದರು.  ಮುಂದೆ ಬಾಂಬೆ ಹೈಕೋರ್ಟಿನ ನಾಗಪುರ ಪೀಠ 2021ರಲ್ಲಿ, ಕೇರಳ ಹೈಕೋರ್ಟ್ 2022ರಲ್ಲಿ, ಸದಸ್ಯ ಹಾಕಿದ್ದಕ್ಕೆ ಅಡ್ಮಿನ್ ಆಗಿರುವ ಒಂದೇ ಕಾರಣಕ್ಕೆ ಹೊಣೆಯಾಗುವುದಿಲ್ಲ ಎಂದವು. ಅಡ್ಮಿನ್ ತಾನೂ ಸೇರಿಕೊಂಡು ಪ್ರಚೋದಿಸಿದರೆ ಈ ರಕ್ಷಣೆ ಇಲ್ಲ.

ಫೇಕ್ ಐಡಿ ಎಷ್ಟು ದೂರ ಹೋಗಬಲ್ಲದು ಎಂಬುದಕ್ಕೆ ನಮ್ಮ ಕರಾವಳಿಯಲ್ಲೇ ಉದಾಹರಣೆ ಇದೆ. 2019ರ ಡಿಸೆಂಬರ್‌ನಲ್ಲಿ ಸೌದಿ ಅರೇಬಿಯದಲ್ಲಿ ಎಸಿ ತಂತ್ರಜ್ಞನಾಗಿ ದುಡಿಯುತ್ತಿದ್ದ ಉಡುಪಿ ಜಿಲ್ಲೆಯವರೊಬ್ಬರನ್ನು ಅಲ್ಲಿನ ಪೊಲೀಸರು ಹಿಡಿದರು. ಮೆಕ್ಕಾ ಮತ್ತು ಅಲ್ಲಿನ ಯುವರಾಜನ ಬಗ್ಗೆ ಅವಹೇಳನಕಾರಿ ಪೋಸ್ಟ್ ಅವರ ಹೆಸರಿನ ಫೇಸ್‌ಬುಕ್ ಖಾತೆಯಲ್ಲಿತ್ತು. ಅವರ ಪತ್ನಿ ಉಡುಪಿಯಲ್ಲಿ ದೂರು ಕೊಟ್ಟರು. ಜಿಲ್ಲಾ ಪೊಲೀಸರು ಆ ನಕಲಿ ಖಾತೆಯ ಜಾಡು ಹಿಡಿದು ಹೋಗಿ ತಲುಪಿದ್ದು ಮೂಡುಬಿದಿರೆಗೆ. ಅಲ್ಲಿನ ಅಣ್ಣ ತಮ್ಮಂದಿರಿಬ್ಬರನ್ನು 2020ರಲ್ಲಿ ಬಂಧಿಸಿದರು. ಸೌದಿ ಜೈಲಿನಲ್ಲಿದ್ದವರು ಮನೆಗೆ ಮರಳಿದ್ದು 2021ರ ಆಗಸ್ಟ್‌ನಲ್ಲಿ. ಬೇರೆಯವರ ಗುರುತು ಕದ್ದರೆ ನಮ್ಮ ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಸಿ ಪ್ರಕಾರ ಇರುವ ಗರಿಷ್ಠ ಶಿಕ್ಷೆ 3 ವರ್ಷ. ಇಂಥ ಕೃತ್ಯಕ್ಕೆ ಅದು ಕಡಿಮೆಯೆಂದೇ ನನಗೆ ಅನಿಸುತ್ತದೆ.

ಹೊರದೇಶಗಳಲ್ಲಿರುವವರು ಇನ್ನೊಂದು ಮಾತು ತಿಳಿದಿರಬೇಕು. ಸಂಯುಕ್ತ ಅರಬ್ ಎಮಿರೇಟ್ಸ್‌ನಲ್ಲಿ ಆನ್‌ಲೈನ್‌ನಲ್ಲಿ ಬೈಯುವುದೇ ಕ್ರಿಮಿನಲ್ ಅಪರಾಧ. ರೂಮ್‌ಮೇಟ್‌ಗೆ ವಾಟ್ಸ್‌ಆ್ಯಪ್‌ನಲ್ಲಿ ಕಳಿಸಿದ ಬೈಗುಳಕ್ಕೂ ಅದು ಅನ್ವಯಿಸುತ್ತದೆ. ಇಂಗ್ಲೆಂಡಿನಲ್ಲಿ ಕೇಳದವರಿಗೆ ನಗ್ನ ಚಿತ್ರ ಕಳಿಸುವುದು 2024ರ ಜನವರಿ 31ರಿಂದ ಪ್ರತ್ಯೇಕ ಅಪರಾಧವಾಗಿದೆ.

ವಿಡಿಯೊ ಕಾಲ್‌ನಲ್ಲಿ ಬಲೆಗೆ ಕೆಡವಿ ‘ದುಡ್ಡು ಕೊಡು, ಇಲ್ಲದಿದ್ದರೆ ನಿನ್ನ ನೆಂಟರಿಗೆಲ್ಲ ಕಳಿಸುತ್ತೇನೆ’ ಎನ್ನುವವರದು ಸುಲಿಗೆ: ನ್ಯಾಯ ಸಂಹಿತೆಯ ಸೆಕ್ಷನ್ 308, 7 ವರ್ಷದವರೆಗೆ, ಜಾಮೀನುರಹಿತ. ಬಲಿಯಾದವರು ಮಾಡುವ ದೊಡ್ಡ ತಪ್ಪು ಮೊದಲ ಕಂತು ಕಟ್ಟುವುದು. ಕಟ್ಟಿದವರಿಗೆ ಎರಡನೆಯ ಕಂತಿನ ಬೇಡಿಕೆ ಬರುತ್ತದೆ.

ಯಾವುದು ಅಪರಾಧವಲ್ಲ

ಇಷ್ಟು ಓದಿ ‘ಇನ್ನು ಬಾಯಿ ಬಿಡುವುದೇ ಬೇಡ’ ಎಂದುಕೊಳ್ಳಬೇಡಿ. ಸರ್ಕಾರವನ್ನು ಟೀಕಿಸುವುದು, ನಾಯಕರನ್ನು ಗೇಲಿ ಮಾಡುವುದು, ನ್ಯಾಯಾಲಯದ ತೀರ್ಪನ್ನು ಒಪ್ಪದಿರುವುದು ಅಪರಾಧವಲ್ಲ. 2012ರ ನವೆಂಬರ್‌ನಲ್ಲಿ ಬಾಳ ಠಾಕ್ರೆ ನಿಧನದ ವೇಳೆ ಮುಂಬೈ ಬಂದ್ ಆದದ್ದನ್ನು ಪ್ರಶ್ನಿಸಿ ಬರೆದ ಯುವತಿಯನ್ನೂ, ಅದಕ್ಕೆ ಲೈಕ್ ಒತ್ತಿದ ಅವಳ ಗೆಳತಿಯನ್ನೂ ಪಾಲ್ಘರ್ ಪೊಲೀಸರು ಬಂಧಿಸಿದ್ದರು. ಆ ಗದ್ದಲದಿಂದ ಶುರುವಾದ ಶ್ರೇಯಾ ಸಿಂಘಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2015ರ ಮಾರ್ಚ್ 24ರಂದು ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಎ ಸೆಕ್ಷನ್ನನ್ನೇ ಅಸಾಂವಿಧಾನಿಕವೆಂದು ಕಿತ್ತುಹಾಕಿತು. ಅದಾಗಿ ವರ್ಷಗಳ ಮೇಲೂ ಠಾಣೆಗಳು ಅದೇ ಸೆಕ್ಷನ್ ಹಾಕುತ್ತಿದ್ದವು. ಹಾಕಬೇಡಿ ಎಂದು 2022ರಲ್ಲಿ ನ್ಯಾಯಾಲಯ ಮತ್ತೆ ಆದೇಶಿಸಬೇಕಾಯಿತು. 370ನೇ ವಿಧಿ ರದ್ದಾದ ದಿನವನ್ನು ಕರಾಳ ದಿನವೆಂದು ವಾಟ್ಸ್‌ಆ್ಯಪ್ ಸ್ಟೇಟಸ್ ಹಾಕಿದ್ದ ಕೊಲ್ಹಾಪುರದ ಪ್ರಾಧ್ಯಾಪಕರ ಮೇಲಿನ ಕೇಸನ್ನು 2024ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ರದ್ದು ಮಾಡಿತು.

ಹೀಗಿದ್ದರೂ ನಾಯಕರ ಮೇಲಿನ ಮೀಮ್‌ಗೆ ಸಂಜೆಯೊಳಗೆ ಆರೋಪಿ ಸಿಗುತ್ತಾನೆ, ಕಾಲೇಜು ಹುಡುಗಿಯ ತಿರುಚಿದ ಫೋಟೊಗೆ ವಾರ ಕಳೆದರೂ ಸ್ವೀಕೃತಿ ಸಿಗುವುದಿಲ್ಲ. ಎಲ್ಲ ಠಾಣೆಗಳಿಗೂ ಈ ಮಾತು ಅನ್ವಯಿಸುವುದಿಲ್ಲ ನಿಜ. ಅನ್ವಯಿಸುವ ಠಾಣೆಗಳು ಮಾತ್ರ ಕಡಿಮೆಯಿಲ್ಲ.

ನೋಟಿಸ್ ಬಂದರೆ, ಬಂಧನವಾದರೆ

ಎಫ್‌ಐಆರ್ ಆದ ಮಾತ್ರಕ್ಕೆ ಬಂಧನ ಆಗಲೇಬೇಕೆಂದಿಲ್ಲ. ಚಾಟ್ ಸಂಬಂಧಿ ಅಪರಾಧಗಳಲ್ಲಿ ಹೆಚ್ಚಿನವಕ್ಕೆ ಶಿಕ್ಷೆ 7 ವರ್ಷ ಮೀರುವುದಿಲ್ಲ. ಅಂಥ ಕಡೆ ಸುಮ್ಮನೆ ಹಿಡಿದು ತರುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2014ರ ಅರ್ನೇಶ್ ಕುಮಾರ್ ತೀರ್ಪಿನಲ್ಲಿ ಹೇಳಿತು. ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 35(3)ರ ಕೆಳಗೆ ನೋಟಿಸ್ ಕೊಟ್ಟು ಕರೆಯುತ್ತಾರೆ. ಕರೆದ ದಿನ ಹೋಗಿ, ತನಿಖೆಗೆ ಸಹಕರಿಸಿದರೆ, ಕಾರಣ ಬರೆದಿಡದೆ ಬಂಧಿಸುವಂತಿಲ್ಲ. ಹೋಗದಿದ್ದರೆ, ದೂರುದಾರರಿಗೆ ಫೋನ್ ಮಾಡಿ ಹೆದರಿಸಿದರೆ, ಸಾಕ್ಷ್ಯ ಅಳಿಸಿದರೆ ಬಂಧನಕ್ಕೆ ಕಾರಣವನ್ನು ನೀವೇ ಒದಗಿಸಿದಂತೆ.

ಈ ನೋಟಿಸನ್ನು ವಾಟ್ಸ್‌ಆ್ಯಪ್ ಮೂಲಕ ಕಳಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2025ರ ಜನವರಿಯಲ್ಲಿ ನಿರ್ದೇಶಿಸಿದೆ. ವಿಡಿಯೊ ಕಾಲ್‌ನಲ್ಲಿ ಯೂನಿಫಾರ್ಮ್ ತೋರಿಸಿ ‘ನಿಮ್ಮನ್ನು ಡಿಜಿಟಲ್ ಅರೆಸ್ಟ್ ಮಾಡಿದ್ದೇವೆ’ ಎನ್ನುವವರು ಕಳ್ಳರು. ಅಂಥ ಬಂಧನ ಕಾನೂನಿನಲ್ಲೇ ಇಲ್ಲ. 2024ರ ಅಕ್ಟೋಬರ್‌ನ ಮನ್ ಕಿ ಬಾತ್‌ನಲ್ಲಿ ಪ್ರಧಾನಿ ಕೇಳಿಸಿದ ವಂಚಕನ ಕರೆಯ ಧ್ವನಿಮುದ್ರಿಕೆ ನಮ್ಮ ವಿಜಯಪುರದ ಯುವಕರೊಬ್ಬರದು.

ನಿಜವಾದ ಬಂಧನವಾದರೆ ಬಂಧನ ಪತ್ರಕ್ಕೆ ಮನೆಯವರ ಅಥವಾ ಊರಿನ ಗೌರವಸ್ಥರ ಸಹಿ ಇರಬೇಕು. ಮನೆಯವರಿಗೆ ತಿಳಿಸಬೇಕು. 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು. ಬಂಧನದ ಕಾರಣಗಳನ್ನು ಆರೋಪಿಗೆ ಅರ್ಥವಾಗುವ ಭಾಷೆಯಲ್ಲಿ ಬರೆದು ಕೊಡಬೇಕೆಂದು ಸುಪ್ರೀಂ ಕೋರ್ಟ್ 2025ರ ನವೆಂಬರ್‌ನಲ್ಲಿ ಸ್ಪಷ್ಟಪಡಿಸಿದೆ. ಕನ್ನಡ ಮಾತ್ರ ಬಲ್ಲವನಿಗೆ ಇಂಗ್ಲಿಷ್ ಹಾಳೆ ಕೊಟ್ಟು ಸಹಿ ಹಾಕಿಸಿಕೊಂಡರೆ ಪ್ರಶ್ನಿಸಬಹುದು. ವಿಚಾರಣೆಯ ನಡುವೆ ವಕೀಲರನ್ನು ಭೇಟಿಯಾಗುವ ಹಕ್ಕಿದೆ. ಮಹಿಳೆಯನ್ನು ಸೂರ್ಯ ಮುಳುಗಿದ ಮೇಲೆ ಬಂಧಿಸಬೇಕಾದರೆ ಅಸಾಧಾರಣ ಕಾರಣ ಇರಬೇಕು, ಮ್ಯಾಜಿಸ್ಟ್ರೇಟರ ಅನುಮತಿ ಬೇಕು. ಫೋನಿನ ಶೋಧದ ಬಗ್ಗೆ ಕರ್ನಾಟಕ ಹೈಕೋರ್ಟ್ 2021ರ ಮಾರ್ಚ್‌ನಲ್ಲಿ ವಿವರವಾಗಿ ಹೇಳಿದೆ. ಮಾಮೂಲಿ ಸಂದರ್ಭದಲ್ಲಿ ಅದಕ್ಕೆ ಸರ್ಚ್ ವಾರಂಟ್ ಬೇಕು. ವಶಪಡಿಸಿಕೊಂಡ ಫೋನಿಗೆ ಮಹಜರು ಆಗಲೇಬೇಕು, ಅದರ ಪ್ರತಿ ಕೇಳಿ ಪಡೆಯಿರಿ.

ದೂರು ಕೊಡುವವರಿಗೆ

ಹಣ ಹೋಗಿದ್ದರೆ ತಡಮಾಡದೆ 1930ಕ್ಕೆ ಕರೆ ಮಾಡಿ. ಉಳಿದದ್ದಕ್ಕೆ ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್ ಇದೆ. ಮಕ್ಕಳ ಮತ್ತು ಅತ್ಯಾಚಾರದ ದೃಶ್ಯಗಳ ಬಗ್ಗೆ ಅಲ್ಲಿ ಹೆಸರು ಹೇಳದೆಯೂ ವರದಿ ಮಾಡಬಹುದು. ದೇಶದ ಮೊದಲ ಸೈಬರ್ ಠಾಣೆ 2001ರಲ್ಲಿ ಶುರುವಾದದ್ದು ಬೆಂಗಳೂರಿನಲ್ಲಿ. ಈಗ ಜಿಲ್ಲೆಗಳಲ್ಲಿ ಸೈಬರ್, ಆರ್ಥಿಕ ಮತ್ತು ಮಾದಕ ವಸ್ತು ಅಪರಾಧಗಳ (ಸಿಇಎನ್) ಠಾಣೆಗಳಿವೆ. ಅಲ್ಲಿಗೇ ಹೋಗಬೇಕೆಂದಿಲ್ಲ, ಯಾವ ಠಾಣೆಯಲ್ಲಾದರೂ ಝೀರೊ ಎಫ್‌ಐಆರ್ ದಾಖಲಿಸಬಹುದು.

ಬೇಸರಕ್ಕೆ, ಅಸಹ್ಯಕ್ಕೆ ಚಾಟ್ ಅಳಿಸಬೇಡಿ. ಕಳಿಸಿದವರ ನಂಬರು ಅಥವಾ ಖಾತೆಯ ಪೂರ್ಣ ವಿಳಾಸ, ತಾರೀಖು, ಸಮಯ ಕಾಣುವಂತೆ ಸ್ಕ್ರೀನ್‌ಶಾಟ್ ತೆಗೆಯಿರಿ. ಇಡೀ ಚಾಟ್ ಎಕ್ಸ್‌ಪೋರ್ಟ್ ಮಾಡಿ ಇಟ್ಟುಕೊಳ್ಳಿ. ಬ್ಲಾಕ್ ಮಾಡುವುದು ಇವೆಲ್ಲ ಆದ ಮೇಲೆ. ಸ್ಕ್ರೀನ್‌ಶಾಟ್‌ನ ಪ್ರಿಂಟ್ ಒಂದೇ ನ್ಯಾಯಾಲಯದಲ್ಲಿ ನಿಲ್ಲುವುದಿಲ್ಲ. ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ ಪ್ರಕಾರ ಪ್ರಮಾಣಪತ್ರ ಜೊತೆಗಿರಬೇಕು. ಮೂಲ ಫೋನನ್ನು ಮಾರುವುದು, ಎಕ್ಸ್‌ಚೇಂಜ್‌ಗೆ ಕೊಡುವುದು ಕೇಸು ಮುಗಿಯುವವರೆಗೆ ಬೇಡ. ಖಾಸಗಿ ಚಿತ್ರ ಹರಡುವ ಭಯವಿದ್ದರೆ ‘ಸ್ಟಾಪ್ ಎನ್‌ಸಿಐಐ’ ಎಂಬ ಉಚಿತ ಸೇವೆಯಿದೆ. ಚಿತ್ರವನ್ನು ಅಪ್‌ಲೋಡ್ ಮಾಡದೆ, ಅದರ ಡಿಜಿಟಲ್ ಗುರುತನ್ನು ಮಾತ್ರ ಕೊಟ್ಟು, ಇನ್‌ಸ್ಟಾಗ್ರಾಂ, ಫೇಸ್‌ಬುಕ್‌ನಂಥ ಕಡೆ ಅದು ಹರಡದಂತೆ ತಡೆಯಬಹುದು.

ಠಾಣೆಯಲ್ಲಿ ದೂರು ತೆಗೆದುಕೊಳ್ಳದೆ ‘ರಾಜಿ ಮಾಡಿಕೊಳ್ಳಿ, ಹೆಣ್ಣುಮಗಳ ಹೆಸರು ಕೆಡುತ್ತದೆ’ ಎಂದು ಹೇಳಿ ಕಳಿಸಿದರೆ ಅಲ್ಲಿಗೆ ನಿಲ್ಲಿಸಬೇಡಿ. ದೂರಿನ ಪ್ರತಿಯನ್ನು ಅಂಚೆಯ ಮೂಲಕ ಜಿಲ್ಲಾ ಎಸ್‌ಪಿಗೆ ಕಳಿಸಿ ರಸೀದಿ ಇಟ್ಟುಕೊಳ್ಳಿ. ಅಲ್ಲಿಯೂ ಉತ್ತರ ಬರದಿದ್ದರೆ ನೇರವಾಗಿ ಮ್ಯಾಜಿಸ್ಟ್ರೇಟರಿಗೆ ಅರ್ಜಿ ಹಾಕುವ ಹಕ್ಕನ್ನು ನಾಗರಿಕ ಸುರಕ್ಷಾ ಸಂಹಿತೆಯ 173ನೇ ಸೆಕ್ಷನ್ ಕೊಟ್ಟಿದೆ.